ಮರಕ್ಕಿಳಿದ ಚುಕ್ಕೆ

ನನ್ನ ಅಪ್ಪ ಬಾವ್ ಮೇಷ್ಟ್ರ ಅಕ್ಷರಕ್ಕೆ ಹ್ವೇಚೌ ಸೀಮೆಯಲ್ಲೆಲ್ಲ ಹೆಸರಿತ್ತು. ಅವರು ತೀರಿಹೋಗಿ ಎಷ್ಟೋ ವರ್ಷವಾದರೂ ಜನ ಆ ಕೈಯನ್ನು ಹೊಗಳುತ್ತಾರೆ. ಹೊಗಳಿಕೆ ಕೇಳಿದಾಗಲೆಲ್ಲ ನನಗೆ ಮೈಯೆಲ್ಲ ಉರಿಯುತ್ತದೆ.

ನನ್ನ ಗಂಡ ಚಿಂಗ್‌ಹೆ ಚಹಾ ತುಂಬಿದ ದೋಣಿಯಲ್ಲಿ ಹಾಂಗ್‌ಚೌಗೆ ಹೋಗಿದ್ದ. ದೋಣಿ ಮಗುಚಿದ ಸುದ್ದಿ ಬಂತು, ಹೆಣ ಬರಲಿಲ್ಲ. ಚಳಿಗಾಲ ಬಂದರೂ ಅವನ ಸುಳಿವಿಲ್ಲದಿದ್ದಾಗ ಅತ್ತೆ ಅವನ ಹೆಸರಿನ ಹಲಗೆ ಮಾಡಿಸಿದರು. ಸತ್ತವರ ಜೀವ ಕಂಡಕಂಡಲ್ಲಿ ಅಲೆಯದೆ ಮನೆಯಲ್ಲೇ ನೆಲೆ ನಿಲ್ಲಲಿ ಎಂದು ಇಡುವ ಹಲಗೆ ಅದು. ಹೆಸರಿನ ಕೆಳಗೆ ಕೊನೆಯದಾಗಿ 'ಒಡೆಯ' ಎಂಬ ಅಕ್ಷರ ಬರಬೇಕು, ಆದರೆ ಅದನ್ನು ಪೂರ್ತಿ ಬರೆಯುವುದಿಲ್ಲ. ಮೂರು ಅಡ್ಡಗೆರೆ, ನಡುವೆ ಒಂದು ಉದ್ದಗೆರೆ. ಅಷ್ಟಕ್ಕೆ ಅದು ಬರೀ 'ಅರಸ'. ನೆತ್ತಿಯ ಮೇಲೆ ಚುಕ್ಕೆ ಬಿದ್ದರೆ 'ಒಡೆಯ'. ಆ ಚುಕ್ಕೆಯನ್ನು ಊರಿನ ಹೆಸರಾಂತ ಕೈಯೊಂದು ನಡುಮಧ್ಯಾಹ್ನದಲ್ಲಿ ಕೆಂಪಿನಲ್ಲಿ ಇಡಬೇಕು. ಅದು ಬಿದ್ದ ಗಳಿಗೆಯಿಂದ ಆ ಮನುಷ್ಯ ಸತ್ತವರ ಪೈಕಿ.

ಅತ್ತೆ ಕರೆದದ್ದು ನನ್ನ ಅಪ್ಪನನ್ನೇ.

"ಅಪ್ಪ, ಹೆಣಾನೇ ಸಿಕ್ಕಿಲ್ಲ. ಚುಕ್ಕೆ ಇಡ್ಬೇಡ," ಎಂದೆ.

"ಬೀಗಿತಿ ಮನೆಗೇ ಬಂದು ಕರ್ದಿದಾರೆ. ಆಗಲ್ಲ ಅನ್ನಕ್ಕಾಗತ್ತಾ?"

"ಹಾಗಿದ್ರೆ ಇಟ್ಟ ಹಾಗೆ ನಾಟಕ ಮಾಡು. ಕುಂಚ ತಾಗಿಸ್ಬೇಡ. ಯಾರು ನೋಡ್ತಾರೆ?"

"ನಾನು ನೋಡ್ತೀನಲ್ಲೇ," ಎಂದರು ಅಪ್ಪ.

ಮಗನಿದ್ದರೆ ಮಗನ ಬೆರಳು ಚುಚ್ಚಿ ರಕ್ತ ತೆಗೆಯುತ್ತಿದ್ದರು. ನಮಗೆ ಮಕ್ಕಳಿಲ್ಲ. ನನ್ನ ಬೆರಳನ್ನೇ ಚುಚ್ಚಿ ಇಂಗಳೀಕದ ಕೆಂಪಿನಲ್ಲಿ ಕಲಸಿದರು. ಅಪ್ಪ ಕುಂಚದ ತುದಿಯನ್ನು ಬಿಸಿಲಿಗೆ ಹಿಡಿದು, ಅದಕ್ಕೆ ಉಸಿರು ಊದಿ, ಒಂದೇ ಸಲಕ್ಕೆ ಚುಕ್ಕೆ ಇಟ್ಟರು. ನೆರೆದ ಗಂಡಸರೆಲ್ಲ "ಆಹಾ" ಎಂದರು. ಒಬ್ಬನಂತೂ "ಮೇಷ್ಟ್ರೇ, ಮರಕ್ಕಿಳೀತು!" ಎಂದ. ನಮ್ಮ ಬರವಣಿಗೆಯವರಲ್ಲಿ ಅದಕ್ಕಿಂತ ದೊಡ್ಡ ಮೆಚ್ಚುಗೆ ಇಲ್ಲ. ಅಪ್ಪ ತಲೆ ತಗ್ಗಿಸಿ ನಕ್ಕದ್ದು ನನಗೆ ಕಾಣಿಸಿತು.

ಪೀಚ್ ಹೂ ಅರಳುವ ಹೊತ್ತಿಗೆ ಚಿಂಗ್‌ಹೆ ನಡೆದುಕೊಂಡು ಮನೆಗೆ ಬಂದ.

ಅತ್ತೆ ಮೊದಲು ಕಿರುಚಿ, ಆಮೇಲೆ ಅವನ ಕಿವಿ ಹಿಂಡಿ ನೋಡಿದರು. ಕಿವಿ ಬೆಚ್ಚಗಿತ್ತು. ಯಾವುದೋ ಮೀನುಗಾರರ ಗುಡಿಸಲಲ್ಲಿ ಜ್ವರ ಬಂದು ಮಲಗಿದ್ದನಂತೆ, ಹೆಚ್ಚೇನೂ ನೆನಪಿಲ್ಲವಂತೆ. ಬಟ್ಟಲಿನ ಮೇಲೆ ಬಟ್ಟಲು ಅನ್ನ ತಿಂದ.

"ಸತ್ತೋನಿಗೆ ಇಷ್ಟೊಂದು ಹಸಿವೇನೋ, ಹಾಳಾದವ್ನೇ!" ಎಂದು ಅತ್ತೆ ಅಳುತ್ತ ನಗುತ್ತ ನಮ್ಮ ಸೀಮೆಯ ಮೆಚ್ಚಿನ ತಿನಿಸು, ಬೂಷ್ಟು ಹಿಡಿಸಿದ ತೋಫು, ಕರಿದು ಹಾಕುತ್ತಲೇ ಇದ್ದರು. ನನಗೂ ಅವತ್ತು ನೆಲದ ಮೇಲೆ ಕಾಲು ನಿಲ್ಲಲಿಲ್ಲ.

ಮರುದಿನ ಅವನು ಮಸಿ ತೇಯ್ದು ಬರೆಯಲು ಕುಳಿತ. ಅವನೂ ಒಳ್ಳೆಯ ಬರಹಗಾರ, ಅಪ್ಪನ ಶಿಷ್ಯ. ಕೈ ಪಳಗಿಸಲು ನಾವೆಲ್ಲ ಮೊದಲು ಬರೆಯುವುದು 'ಸದಾ' ಎಂಬ ಅಕ್ಷರ. ಅದರ ಮೊದಲ ಗೆರೆ ನೆತ್ತಿಯ ಮೇಲಿನ ಚುಕ್ಕೆ. ಅವನು ಕುಂಚ ಒತ್ತಿದ, ಎತ್ತಿದ. ಕಾಗದದ ಮೇಲೆ ಚುಕ್ಕೆ ಇರಲಿಲ್ಲ. ಉಳಿದ ಗೆರೆಗಳೆಲ್ಲ ಕಪ್ಪಗೆ ಮೂಡಿದವು, ಚುಕ್ಕೆ ಮಾತ್ರ ಮೂಡಲಿಲ್ಲ. ಇನ್ನೊಂದು ಹಾಳೆ ಹಾಕಿದ, ಹಾಗೇ ಆಯಿತು. ಚುಕ್ಕೆ ಬಿಟ್ಟರೆ ಆ ಅಕ್ಷರ ಹೆಚ್ಚುಕಡಿಮೆ 'ನೀರು' ಎಂದೇ ಓದಿಸಿಕೊಳ್ಳುತ್ತದೆ. ಹಾಳೆಯ ತುಂಬ ನೀರು, ನೀರು, ನೀರು.

ಅವತ್ತೇ ಅವನ ನಿಲುವಂಗಿಯ ಅಂಚು ಒದ್ದೆಯಾಗಿದ್ದು ಕಂಡೆ. ಒಣಗಿಸಿ ಕೊಟ್ಟೆ, ಮತ್ತೆ ಒದ್ದೆ. ಒದ್ದೆ ದಿನದಿನಕ್ಕೂ ಮೇಲೇರಿತು, ಮೊಣಕಾಲಿಗೆ, ಸೊಂಟಕ್ಕೆ. ಅವನು ಮಾತಾಡಿದರೆ ಗಂಟಲಲ್ಲಿ ಗುಳುಗುಳು ಸದ್ದು.

"ನೀರು ಎದೆಗೆ ಬಂದಿದೆ ಕಣೇ," ಎಂದ ಒಂದು ಬೆಳಿಗ್ಗೆ, ತಣ್ಣಗೆ. "ಬಿಟ್ಬಿಡು."

ಬಿಡುವುದೇ? ಹಲಗೆಯ ಮೇಲಿನ ಚುಕ್ಕೆಯೇ ಅವನನ್ನು ಮುಳುಗಿಸುತ್ತಿದೆ ಎಂದು ನನಗೆ ಹೊಳೆದಿತ್ತು. ನಾನು ಹಲಗೆಯನ್ನು ಗೂಡಿನಿಂದ ಎಳೆದು ತಂದು, ಅಪ್ಪನನ್ನು ಕರೆಸಿ, ಕೈಗೆ ಬಡಗಿಯ ಹತ್ತರಿ ಕೊಟ್ಟೆ. ಅಂಗಳದ ಬಿಸಿಲಲ್ಲಿ ಅಪ್ಪ ಹಲಗೆ ಹೆರೆದರು. ಯಾರೋ ಬರೆದ ಹೆಸರು ಮೊದಲ ಹೆರೆತಕ್ಕೇ ಹಾರಿಹೋಯಿತು. 'ಅರಸ' ಹೋಯಿತು. ಕೆಂಪು ಚುಕ್ಕೆ ಹೋಗಲಿಲ್ಲ. ಸುರುಳಿ ಸುರುಳಿಯಾಗಿ ಮರ ಬಂತು, ಚುಕ್ಕೆ ಅಷ್ಟೇ ದುಂಡಗೆ, ಅಷ್ಟೇ ಕೆಂಪಗೆ ಕೂತಿತ್ತು. ಒಂದೊಂದು ಹೆರೆತಕ್ಕೂ ಅಪ್ಪನ ಮುಖ ಅರಳುತ್ತಿತ್ತು.

"ನೋಡೇ, ನೋಡು! ಎಷ್ಟು ಆಳಕ್ಕಿಳಿದಿದೆ!"

ಹೆತ್ತ ಅಪ್ಪ ಎಂದು ಕೈ ಕಟ್ಟಿ ನಿಂತೆ, ಇಲ್ಲದಿದ್ದರೆ ಕೆನ್ನೆಗೆ ಬಾರಿಸಿಬಿಡುತ್ತಿದ್ದೆ. ಹಲಗೆ ತಿರುಗಿಸಿ ನೋಡಿದೆ. ಚುಕ್ಕೆ ಹಿಂಬದಿಗೂ ಬಂದಿತ್ತು. ಆಗ ಅಪ್ಪ ಹತ್ತರಿ ಕೆಳಗಿಟ್ಟರು. "ಇದು ಹೋಗಲ್ಲ ಮಗಳೇ," ಎಂದರು. "ಸುಟ್ರೂ ಹೋಗಲ್ಲ."

ಒಳಗೆ ಚಿಂಗ್‌ಹೆ ಕೆಮ್ಮಿ ಕೆಮ್ಮಿ ನೀರು ಕಾರುವುದು ಕೇಳಿಸುತ್ತಿತ್ತು.

ಅಪ್ಪನ ಸೊಂಟದಲ್ಲಿದ್ದ ಕುಂಚ ಕಿತ್ತುಕೊಂಡು ಚಿಂಗ್‌ಹೆ ತೇಯ್ದಿಟ್ಟ ಮಸಿಗೆ ಅದ್ದಿದೆ. ಬಾಲ್ಯದಲ್ಲಿ ಅವರ ಕಾಲ ಬಳಿ ಕೂತು ಕಲಿತಿದ್ದೆ, ಹೆಣ್ಣೆಂದು ಬರೆದುಕೊಡಲು ಯಾರೂ ಕೇಳಿರಲಿಲ್ಲ, ಅಷ್ಟೇ.

"ಬರೆದದ್ದನ್ನ ತಿದ್ಬಾರ್ದು!" ಎಂದು ಕೂಗಿದರು ಅಪ್ಪ.

"ಯಾರು ತಿದ್ತಾರೆ? ಚುಕ್ಕೆ ಹಾಗೇ ಇರ್ಲಿ. ಅದರ ಅಕ್ಷರ ನಾನು ಬರೀತೀನಿ."

ಚುಕ್ಕೆಯ ಕೆಳಗೆ ಮೂರು ಅಡ್ಡಗೆರೆ, ಒಂದು ಉದ್ದಗೆರೆ ಎಳೆದೆ. ಮತ್ತೆ 'ಒಡೆಯ' ಆಯಿತು. ಅಲ್ಲಿಗೆ ನಿಲ್ಲಿಸಲಿಲ್ಲ. ಎಡಕ್ಕೆ ಓರೆಗೆರೆಯೊಂದು, ಅದರಡಿ ನೇರಗೆರೆಯೊಂದು ಸೇರಿಸಿದೆ. ಆ ಎರಡು ಗೆರೆಗೆ 'ಮನುಷ್ಯ' ಎಂದರ್ಥ. ಒಡೆಯನ ಪಕ್ಕ ಮನುಷ್ಯ ನಿಂತರೆ ಅಕ್ಷರವೇ ಬೇರೆಯಾಗುತ್ತದೆ. ಅದನ್ನು 'ಇರು' ಎಂದು ಓದುತ್ತೇವೆ.

ಮಸಿ ಆರುತ್ತಿದ್ದಂತೆ ಕೆಮ್ಮು ನಿಂತಿತು. ಒಳಗೆ ಹೋಗಿ ಮುಟ್ಟಿದರೆ ಅಂಗಿ ಗರಿಗರಿ ಒಣಗಿತ್ತು. ಅವನು 'ಸದಾ' ಎಂದು ಬರೆದ. ಚುಕ್ಕೆ ಜಾಗದಲ್ಲಿ ಚುಕ್ಕೆ ಇತ್ತು. ನಾನು ಅವನ ಹೆಗಲ ಮೇಲೆ ತಲೆಯಿಟ್ಟು ಗಟ್ಟಿಯಾಗಿ ಅತ್ತುಬಿಟ್ಟೆ.

ಮಾರನೆಯ ದಿನ ಮೀನು ತರಲು ಹೊರಟವನ ಕಾಲು ಹೊಸ್ತಿಲು ದಾಟಲು ಏಳಲಿಲ್ಲ. "ಮನೆಗೆಲಸ ತಪ್ಪಿಸ್ಕೊಳಕ್ಕೆ ನೆಪ," ಎಂದು ಅತ್ತೆ ಗೇಲಿ ಮಾಡಿದರು, ನಾವೂ ನಕ್ಕೆವು. ಹಿಂದಿನಿಂದ ನೂಕಿದೆವು, ಎಳೆದೆವು. ಕಾಲು ಏಳಲೇ ಇಲ್ಲ. ವರ್ಷಗಳ ಮೇಲೆ ಅತ್ತೆಯ ಹೆಣ ಹೊರಟಾಗಲೂ ಮಗನಾದವನು ಬಾಗಿಲ ಒಳಗೇ ನಿಂತು ನೋಡಿದ. ಅಪ್ಪ ಹೋದಾಗಲೂ ಹಾಗೇ.

ನನ್ನ ಕೂದಲು ನೆರೆಯಿತು, ಅವನದು ನೆರೆಯಲಿಲ್ಲ. ಓಣಿಗೆ ಹೊಸದಾಗಿ ಬಂದ ಸೊಸೆಯರು ಮೊದಮೊದಲು "ನಿಮ್ಮ ಮಗ" ಎನ್ನುತ್ತಿದ್ದರು, ಈಗ "ನಿಮ್ಮ ಮೊಮ್ಮಗ" ಎನ್ನುತ್ತಾರೆ. ನಾನು ಹೂಂ ಎನ್ನುತ್ತೇನೆ. ಅವನು ದಿನವಿಡೀ ಬರೆಯುತ್ತಾನೆ. ವಯಸ್ಸಾದಂತೆ ಕೈ ಮಾಗಬೇಕು, ಅದಕ್ಕಾಗಿಯೇ ನಮ್ಮವರು ಬದುಕೆಲ್ಲ ಕಾಯುವುದು. ಅವನ ಇವತ್ತಿನ ಹಾಳೆಯನ್ನು ಆ ವಸಂತದ ಹಾಳೆಯ ಮೇಲಿಟ್ಟು ಬೆಳಕಿಗೆ ಹಿಡಿದರೆ ಗೆರೆಯ ಮೇಲೆ ಗೆರೆ ಕೂರುತ್ತದೆ, ಕೂದಲೆಳೆಯಷ್ಟೂ ಆಚೀಚೆ ಇಲ್ಲ.

"ನಿನ್ನ ಕೈ ನಡುಗೋದು ನೋಡಿದ್ರೆ ಹೊಟ್ಟೆ ಉರಿಯತ್ತೆ ಕಣೇ," ಎಂದಿದ್ದ ಒಮ್ಮೆ. ತಮಾಷೆ ಎಂದುಕೊಂಡಿದ್ದೆ.

ಈ ಚಳಿಗೆ ನನಗೆ ಎದೆ ಕಟ್ಟಿದೆ, ಇನ್ನು ಹೆಚ್ಚು ದಿನವಿಲ್ಲ ಎಂದು ನನಗೇ ಗೊತ್ತು. ಇವತ್ತು ಊಟವಾದ ಮೇಲೆ ಅವನು ನನ್ನ ಹೆಸರಿನ ಹಲಗೆ ಉಜ್ಜುತ್ತ ಕೂತಿದ್ದ. ನನಗೆ ಸಾವಿನ ಭಯವಿಲ್ಲ. ಅವನೊಬ್ಬನನ್ನೇ ಬಿಟ್ಟು ಹೋಗುವ ಭಯ. ಪಕ್ಕಕ್ಕೆ ಜರುಗಿ ಕೂತು ಹೇಳಿದೆ.

"ನನಗೂ 'ಇರು' ಅಂತ ಬರ್ದ್ಬಿಡು. ಇಬ್ರೂ ಇರೋಣ."

ಅವನು ಉಜ್ಜುವುದನ್ನು ನಿಲ್ಲಿಸಿದ. ಸಿಟ್ಟೇನೂ ಇರಲಿಲ್ಲ. ಜಾರಿದ ನನ್ನ ಶಾಲು ಸರಿಮಾಡಿದ.

"ಶತ್ರುಗೂ ಬರೆಯಲ್ಲ ಕಣೇ ಅದನ್ನ," ಎಂದ. "ನೀನು ಹೋಗು. ನಮ್ಮಿಬ್ರಲ್ಲಿ ಒಬ್ರಾದ್ರೂ ಹೋಗ್ಲಿ."

ಆಮೇಲೆ ಹಲಗೆಯನ್ನು ತೊಡೆಯ ಮೇಲಿಟ್ಟುಕೊಂಡು, ಮೂವತ್ತರ ಆ ಗಟ್ಟಿ ಕೈಯಿಂದ ನನ್ನ ಹೆಸರು ಬರೆಯತೊಡಗಿದ.