ರಮಾಬಾಯಿ ಹೆಸರಿನ ಮೀನು ವ್ಯಾನು

"ತೆರಿಗೆ ನಾಳೇನೇ ಕಟ್ಬುಡ್ತೀನಿ ಸಾಮಿ. ಎಸ್ರು ಮಾತ್ರ ಬದ್ಲಾಯ್ಸಾಕಿಲ್ಲ," ಎಂದು ತಿಮ್ಮರಾಜು ವ್ಯಾನಿನ ಬಾಗಿಲಿಗೆ ಅಡ್ಡ ನಿಂತ, ಯಾರಾದರೂ ಅದನ್ನು ಈಗಲೇ ಎಳೆದುಕೊಂಡು ಹೋದಾರೆಂಬಂತೆ.

ಸೇತುಮಾಧವರಾಯರಿಗೆ ಪಿತ್ತ ನೆತ್ತಿಗೇರಿತು. ಸೇಲಂನಿಂದ ಕೊಳತ್ತೂರಿಗೆ ಬಸ್ಸು ಬದಲಿಸಿ, ಹೆಂಡತಿಯನ್ನೂ ಕರೆದುಕೊಂಡು ಬಿಸಿಲಲ್ಲಿ ಬೆಂದು ಬಂದದ್ದು ಈ ಮಾತು ಕೇಳುವುದಕ್ಕೇ? ಮದುವೆ ಅಡುಗೆಯ ಪಾತ್ರೆ ಸಾಗಿಸಲು ಹೆಂಡತಿ ರಮಾಬಾಯಿಯ ಹೆಸರಿನಲ್ಲಿ ಕೊಂಡಿದ್ದ ವ್ಯಾನು ಅದು. ಅಡುಗೆ ಕಂಟ್ರಾಕ್ಟು ನಿಲ್ಲಿಸಿದಾಗ ಮೀನು ಸಾಗಿಸುವ ಈ ತಿಮ್ಮರಾಜುವಿಗೆ ಮಾರಿದ್ದರು. ರಮಾಬಾಯಿ ಅಂದೇ ಸಹಿ ಹಾಕಿಕೊಟ್ಟ ಕಾಗದಗಳನ್ನು ಪುಣ್ಯಾತ್ಮ ಆರ್‌ಟಿಓ ಆಫೀಸಿಗೆ ಕೊಟ್ಟೇ ಇರಲಿಲ್ಲ. ಈಗ ತೆರಿಗೆ ಬಾಕಿಯ ನೋಟೀಸು ಬಂದದ್ದು ರಮಾಬಾಯಿಗೆ. ವ್ಯಾನು ಯಾರೇ ಓಡಿಸಲಿ, ಆರ್‌ಸಿಯಲ್ಲಿ ಹೆಸರಿರುವವರೇ ಹೊಣೆ ಎಂದು ವಕೀಲರು ಹೇಳಿ ಕಳಿಸಿದ್ದರು.

"ನಾಳೆ ಆಕ್ಸಿಡೆಂಟಾದ್ರೆ ಕೋರ್ಟು ಹತ್ತೋಳು ಇವಳು ಕಣಯ್ಯಾ! ಹೆಸರು ಬದಲಾಯಿಸ್ತೀಯೋ, ಕೇಸು ಹಾಕಲೋ?"

"ಕೇಸು ಆಕಿ ಸಾಮಿ," ಎಂದ ತಿಮ್ಮರಾಜು. ಅವನ ದನಿ ಅಳುಬುರುಕಾಯಿತು. "ನನ್ ಎಸ್ರಲ್ಲಿ ಎಲ್ಡು ವಂಡಿ ಇತ್ತು. ಒಂದು ಪಳ್ಳಕ್ಕೆ ಬಿತ್ತು, ಇನ್ನೊಂದು ನಿಂತ ಜಾಗದಲ್ಲೇ ಸುಟ್ಟೋಯ್ತು. ಅಮ್ಮನ ಎಸ್ರಲ್ಲಿ ಈ ವಂಡಿ ಬಂದ್ಮ್ಯಾಕೆ ಒಂದಿನ ಲೋಡು ತಪ್ಪಿಲ್ಲ. ನನ್ ಮಗಳು ರೋಜಾ ನರ್ಸಿಂಗ್ ಓದ್ತಾವ್ಳೆ. ರಾಶಿಯಾದ ಎಸ್ರು ಸಾಮಿ ಅದು, ಅದ್ರುಷ್ಟ ತರೋ ಎಸ್ರು, ಎಂಗೆ ಬಿಡ್ಲಿ?"

ರಮಾಬಾಯಿ ಮೂಗಿಗೆ ಹಿಡಿದಿದ್ದ ಸೆರಗು ಕೆಳಗಿಳಿಯಿತು. ಮನೆಯಲ್ಲಿ ಅವರು ಬರೀ 'ಏ, ಇವಳೇ'. ಒಗ್ಗರಣೆ ಹಾಕಿದ್ದು ಅವರಾದರೂ ಊರೆಲ್ಲ ಹೊಗಳಿದ್ದು ರಾಯರ ಸಾರನ್ನು. ಈಗ ಯಾವನೋ ಒಬ್ಬ ತನ್ನ ಹೆಸರು ಬಿಡೆನೆಂದು ಹಟ ಹಿಡಿದಿದ್ದಾನೆ! ರಮಾಬಾಯಿಗೆ ಹಿಗ್ಗು ತಡೆಯಲಾಗಲಿಲ್ಲ, ನಕ್ಕೇಬಿಟ್ಟರು.

"ನಗೋಂಥದ್ದೇನು ಬಂತು?" ರಾಯರು ಗದರಿದರು.

"ಸುಮ್ಮನಿರಿ ಸ್ವಲ್ಪ. ಏನಪ್ಪಾ ತಿಮ್ಮರಾಜು, ನನ್ನ ಹೆಸರು ರಾಶಿ ಅಂದ್ರೆ ಕೈಯೂ ರಾಶಿ ತಾನೆ? ನಿನ್ನ ಹೆಸರಿಗೆ ನಾನೇ ಬೋಣಿ ಮಾಡಿಕೊಡ್ತೀನಿ. ಆಮೇಲೆ ಸಹಿ ಹಾಕ್ತೀಯಾ?"

ತಿಮ್ಮರಾಜು ತಲೆ ಕೆರೆದುಕೊಂಡ. "ಬೋಣಿ ಅಂದ್ರೆ ಮೊದಲ್ನೇ ಬುಟ್ಟಿ ಎತ್ತಿ ವಂಡೀಲಿ ಇಕ್ಬೇಕು ಅಮ್ಮಾ. ಮೀನು. ನೀವು ಐಯರ್ ಮನೇವ್ರು."

"ರಮಾ! ಮುಟ್ಟೀಯೆ ಮತ್ತೆ! ನಾಳೆ ಏಕಾದಶಿ!"

"ನಾಳೆ ತಾನೆ?" ಎಂದು ರಮಾಬಾಯಿ ಸೆರಗು ಸೊಂಟಕ್ಕೆ ಸಿಕ್ಕಿಸಿದರು.

ಬುಟ್ಟಿ ಭಾರವಾಗಿತ್ತು. ಮೀನಿನ ನೀರು ಮೊಳಕೈವರೆಗೆ ಇಳಿಯಿತು. ರಾಯರು ಕಣ್ಣು ಮುಚ್ಚಿಕೊಂಡು "ಹರಿ ಹರಿ" ಎಂದರು. ರಮಾಬಾಯಿ ಬುಟ್ಟಿಯನ್ನು ವ್ಯಾನಿನೊಳಕ್ಕೆ ತಳ್ಳಿ, "ಚೆನ್ನಾಗಿರಪ್ಪಾ, ನಿನ್ನ ಹೆಸರಲ್ಲೇ ಚೆನ್ನಾಗಿರು," ಎಂದರು. ತಿಮ್ಮರಾಜು ಕಣ್ಣೊರೆಸಿಕೊಂಡು ಕಾಗದ ತರಲು ಒಳಗೆ ಓಡಿದ.

ಅದೇ ವ್ಯಾನಿನಲ್ಲಿ ಮೂವರೂ ಮೇಟ್ಟೂರಿನ ಆರ್‌ಟಿಓ ಆಫೀಸಿಗೆ ಹೋಗಿ, ಬಾಕಿ ಕಟ್ಟಿಸಿ, ಕಾಗದ ಕೊಟ್ಟು ಬಂದರು. ತಿಮ್ಮರಾಜು ಅವರನ್ನು ಸೇಲಂ ಬಸ್ಸು ಹತ್ತಿಸಿಯೇ ಹೋದ.

ಸೋಪು ಹಾಕಿ ತಿಕ್ಕಿದರೂ ವಾಸನೆ ಹೋಗಿರಲಿಲ್ಲ. ಮುಂದಿನ ಸೀಟಿನ ಹೆಂಗಸು ಎರಡು ಸಲ ತಿರುಗಿ ನೋಡಿದಳು. ರಮಾಬಾಯಿ ಕೈಯನ್ನು ಸೆರಗಿನೊಳಗೆ ಮುಚ್ಚಿಟ್ಟುಕೊಳ್ಳಲಿಲ್ಲ. ರಾಯರು ಕಿಟಕಿಯಾಚೆ ನೋಡುತ್ತಿದ್ದರು. ಬಸ್ಸು ತಿರುವಿನಲ್ಲಿ ಜೋರಾಗಿ ವಾಲಿತು. ರಾಯರು ಹೆಂಡತಿಯ ಆ ಕೈಯನ್ನೇ ಗಟ್ಟಿಯಾಗಿ ಹಿಡಿದುಕೊಂಡರು. ರಸ್ತೆ ನೇರವಾದ ಮೇಲೂ ಬಿಡಲಿಲ್ಲ.