ಕಾರ್ಪೆಟ್ಟಿನ ನಲವತ್ತು ನಿಮಿಷ

ಹೇಗೆ ಶುರು ಮಾಡಲಿ? ಅಟ್ಲಾಂಟಾದಿಂದ ಕ್ಯಾರಿಗೆ ಓಡುತ್ತಿರುವ ಕಾರಿನಿಂದಲೇ? ಬೇಡ, ಕಾರಿನೊಳಗೆ ಯಾರಿದ್ದಾರೆಂದು ನಿಮಗಿನ್ನೂ ಗೊತ್ತಿಲ್ಲ. ಹೊಡೆದುಹಾಕಿದೆ.

೧

ಕೃಷ್ಣಪ್ರಸಾದ ೧೯೯೦ರಲ್ಲಿ ವಾಷಿಂಗ್ಟನ್ನಿನ ಒಂದು ಟಿವಿ ಸ್ಟೇಷನ್ನಿನಲ್ಲಿ ಎಡಿಟರ್ ಆದ. ಮೂರು ವರ್ಷದ ಬಳಿಕ ಅಟ್ಲಾಂಟಾಕ್ಕೆ ಹೋಗಿ ಕ್ಯಾಮೆರಾವನ್ನೂ ಹೆಗಲಿಗೇರಿಸಿದ. ರಾಜಕಾರಣಿಗಳ ಆಕಳಿಕೆ ಕತ್ತರಿಸಿದ, ಕೆರೊಲಿನಾದ ಕರಾವಳಿಯಲ್ಲಿ ಬಿರುಗಾಳಿಗೆ ಎದೆಯೊಡ್ಡಿ ಶೂಟ್ ಮಾಡಿದ.

(ಇದು ಬಯೋಡೇಟಾ ಆಯಿತು. ಕಥೆ ಇರುವುದು ಅವನ ತಪ್ಪಿನಲ್ಲಿ.)

೨

೧೯೯೪. ನಾರ್ತ್ ಕೆರೊಲಿನಾದ ಕ್ಯಾರಿ ಎಂಬ ಊರಿನಲ್ಲಿ ಹರಿಪ್ರಸಾದರ ಷಷ್ಟ್ಯಬ್ದಿ. ಅರವತ್ತು ತುಂಬಿದ ಗಂಡ ಹೆಂಡತಿಗೆ ಮತ್ತೊಮ್ಮೆ ತಾಳಿ ಕಟ್ಟುವ ಶಾಸ್ತ್ರ. ಹೆಂಡತಿ ರಾಜಲಕ್ಷ್ಮಿ ಕೃಷ್ಣಪ್ರಸಾದನಿಗೆ ಆಂಟಿ. ಅವಳ ಕೈಯಡುಗೆ ಉಂಡವನು. ತಾನೇ ಶೂಟ್ ಮಾಡುತ್ತೇನೆಂದ.

(ಈ ಹರಿಪ್ರಸಾದ ನಾನೇ. ನನ್ನನ್ನು ಬೇರೆಯವರ ಹಾಗೆ ಬರೆದರೆ ಪುಟ ಮುಂದೆ ಸಾಗುತ್ತದೆ.)

ಎರವಲು ತಂದ ಹಳೆಯ ಕ್ಯಾಮೆರಾ. ರೆಕಾರ್ಡ್ ಆಗುತ್ತಿದೆಯೆಂದು ತೋರಿಸುವ ಒಳಗಿನ ಸೂಚಕ ಮೊದಲೇ ಸತ್ತಿತ್ತು. ಹೊರಗಿನ ಕೆಂಪು ದೀಪ ಕಂಡರೆ ಜನ ಮುಖ ಬಿಗಿದುಕೊಳ್ಳುತ್ತಾರೆಂದು ವೃತ್ತಿಯ ಅಭ್ಯಾಸದಂತೆ ಅದರ ಮೇಲೆ ಕಪ್ಪು ಟೇಪ್ ಅಂಟಿಸಿದ. ಒಂದೇ ಗುಂಡಿ: ಒಮ್ಮೆ ಒತ್ತಿದರೆ ಓಡುತ್ತದೆ, ಇನ್ನೊಮ್ಮೆ ಒತ್ತಿದರೆ ನಿಲ್ಲುತ್ತದೆ. ಪರೀಕ್ಷೆಗೆಂದು ಒತ್ತಿದವನು ನಿಲ್ಲಿಸಲು ಮರೆತ. ಅಲ್ಲಿಂದ ಎಲ್ಲ ತಲೆಕೆಳಗು. ಶುರು ಎಂದು ಒತ್ತಿದಾಗ ನಿಂತಿತು. ನಿಲ್ಲಲೆಂದು ಒತ್ತಿ ಕ್ಯಾಮೆರಾ ಕೆಳಗಿಳಿಸಿದಾಗ ಓಡಿತು. ಟೇಪಿನಲ್ಲಿ ತಾಳಿಯ ಮುಹೂರ್ತ ಬರಲೇ ಇಲ್ಲ. ಬಂದದ್ದು ನಲವತ್ತು ನಿಮಿಷದ ಕಾರ್ಪೆಟ್ಟು, ಕಾಲುಗಳು, ಮಾತು.

೩

"ಅಂಕಲ್, ಇದನ್ನ ಬರೀಬೇಡಿ. ನಾನು ಪ್ರೊಫೆಷನಲ್ಲು" ಎಂದು ಕೃಷ್ಣಪ್ರಸಾದ ಪುಟದೊಳಗಿಂದಲೇ ಜಗಳಕ್ಕೆ ಬಂದ.

"ಹೊಸಬನಾಗಿದ್ರೆ ಕಥೆ ಆಗ್ತಿರಲಿಲ್ಲಪ್ಪ. ಸುಮ್ನಿರು."

ನಾಲ್ಕು ವರ್ಷ ಅವನು "ಎಡಿಟಿಂಗ್ ನಡೀತಿದೆ" ಎನ್ನುತ್ತಲೇ ಬಂದ. ಅವನ ಹೆಂಡತಿ ನೀರಜಾ ರೇಗಿಸಿದಳು: "ಏನ್ರೀ, ಅವ್ರ ಎಂಬತ್ತನೇ ವರ್ಷಕ್ಕೆ ರಿಲೀಸ್ ಮಾಡ್ತೀರಾ?"

೧೯೯೮ರಲ್ಲಿ ರಾಜಲಕ್ಷ್ಮಿ ತೀರಿಕೊಂಡಳು.

(ಇಲ್ಲಿ ಒಂದು ಪ್ಯಾರಾ ಇತ್ತು. ತೆಗೆದೆ.)

ಹದಿನೈದನೆಯ ದಿನ ಹರಿಪ್ರಸಾದರು ಫೋನ್ ಮಾಡಿದರು. "ಅವಳನ್ನ ಒಂದ್ಸಲ ನೋಡ್ಬೇಕಪ್ಪ. ಟೇಪ್ ಹೇಗಿದ್ರೆ ಹಾಗೇ ತಂದುಕೊಡು."

೪

ಕೃಷ್ಣಪ್ರಸಾದನ ಬಳಿ ಎರಡು ಟೇಪ್ ಇದ್ದವು. ಒಂದು ಕಾರ್ಪೆಟ್ಟಿನದು. ಇನ್ನೊಂದರಲ್ಲಿ, ಬೇರೆ ಯಾರದೋ ಮದುವೆಯಲ್ಲಿ ತಾಳಿ ಕಟ್ಟುತ್ತಿದ್ದ ಕೈಗಳನ್ನು ತಂದು ಆಂಟಿಯ ಫೋಟೋದ ನಗುವಿಗೆ ಸೇರಿಸಿದ್ದ. ಬೆಸುಗೆ ಎಲ್ಲೂ ಕಾಣದು. ಅಷ್ಟು ಒಳ್ಳೆಯ ಎಡಿಟಿಂಗ್ ಅವನು ಸ್ಟೇಷನ್ನಿಗೂ ಮಾಡಿರಲಿಲ್ಲ. ಎರಡನ್ನೂ ಪಕ್ಕದ ಸೀಟಿನಲ್ಲಿಟ್ಟು ಆರು ಗಂಟೆ ಡ್ರೈವ್ ಮಾಡಿದ. ಯಾವುದನ್ನು ಕೊಡಲಿ?

ಮುಕ್ತಾಯ ಒಂದು: ಸುಳ್ಳು ಟೇಪ್ ಕೊಟ್ಟ. ಮುದುಕ ಅತ್ತು ಹರಸಿದ. ಕೃಷ್ಣಪ್ರಸಾದ ಮತ್ತೆಂದೂ ಆ ಮನೆಯ ಮೆಟ್ಟಿಲು ತುಳಿಯಲಿಲ್ಲ.

ಮುಕ್ತಾಯ ಎರಡು: ಕಾರು ಕೆಟ್ಟು, ಎರಡೂ ಟೇಪ್ ಬಿಸಿಲಿಗೆ ಹಾಳು. (ಸೋಮಾರಿಯ ಮುಕ್ತಾಯ. ನನಗೆ ಅರವತ್ತನಾಲ್ಕು, ಮಧ್ಯಾಹ್ನ ತೂಕಡಿಕೆ.)

ಮೂರನೆಯದು, ನಡೆದದ್ದು: ಅವನು ಬಾಗಿಲಲ್ಲೇ ಹೇಳಿಬಿಟ್ಟ. "ಅಂಕಲ್, ಮುಹೂರ್ತ ರೆಕಾರ್ಡೇ ಆಗಿಲ್ಲ. ತಪ್ಪು ನಂದು. ಇದರಲ್ಲಿರೋದು ಬರೀ ಕಾರ್ಪೆಟ್ಟು."

ಹರಿಪ್ರಸಾದರು ದೇವರ ಗೂಡಿನ ಕಡೆ ತಿರುಗಿದರು. "ಮುಹೂರ್ತಾನ ಅವನು ನೋಡಿದಾನೆ. ಅವನಿಗೆ ಟೇಪ್ ಬೇಡ. ನೀನು ಕಾರ್ಪೆಟ್ ಹಾಕು."

ನಾಲ್ಕು ವರ್ಷ ಹೊತ್ತದ್ದು ಹೆಗಲಿಂದ ಇಳಿದಂತಾಗಿ, ಕೃಷ್ಣಪ್ರಸಾದ ಚಪ್ಪಲಿ ಬಿಡುವುದನ್ನೂ ಮರೆತು ಒಳಗೆ ಬಂದ.

೫

ಕಂದು ಕಾರ್ಪೆಟ್. ಅದರ ಮೇಲೆ ಅರಿಶಿನ ಹಚ್ಚಿದ ಎರಡು ಪಾದ, ಸವೆದ ಕಾಲುಂಗುರ. ಅವಳ ದನಿ: "ಕೃಷ್ಣ, ಆ ಡಬ್ಬ ಕೆಳಗಿಡೋ. ಉಪ್ಪಿಟ್ಟು ತಿಂದ್ಯಾ? ಸುಳ್ಳು ಹೇಳ್ಬೇಡ, ಮೀಸೆ ಮೇಲೆ ಒಂದು ಸಾಸಿವೆನೂ ಇಲ್ಲ."

ಕ್ಯಾಮೆರಾ ಕಂಡರೆ ಮೂಕಿಯಾಗುತ್ತಿದ್ದವಳು! ಹರಿಪ್ರಸಾದರು ನಕ್ಕರು. ಹದಿನೈದು ದಿನದಲ್ಲಿ ಮೊದಲ ಸಲ.

"ರೀ, ಇಲ್ನೋಡಿ. ಈ ಸಲನಾದ್ರೂ ಗಂಟು ನೆಟ್ಟಗೆ ಹಾಕಿ. ಹೋದ ಸಲದ ಹಾಗೆ—"

ಟಕ್. ಅಲ್ಲಿ ಅವನು ಗುಂಡಿ ಒತ್ತಿದ್ದ. ಮುಂದಿನ ಚಿತ್ರದಲ್ಲಿ ಆಗಲೇ ಕಾರ್ಪೆಟ್ಟಿನ ತುಂಬ ಅಕ್ಷತೆ.

"ಆ ಕಟ್ಟನ್ನ ಸ್ವಲ್ಪ ಸ್ಮೂತ್ ಮಾಡಿಕೊಡ್ಲಾ, ಅಂಕಲ್?"

"ಮುಟ್ಟಬೇಡ."

ಆಮೇಲೆ ಅವನೂ ಕೇಳಿದ, ಈಗ ನೀವೂ ಕೇಳುತ್ತೀರಿ: ಹೋದ ಸಲ ಏನಾಗಿತ್ತು? ನನಗೆ ಗೊತ್ತು. ಅವಳಿಗೆ ಗೊತ್ತು. ದೇವರಿಗೂ ಗೊತ್ತು.

ಮೂವರು ಸಾಕು.