ಮಣ್ಣಿನ ದುಡ್ಡು

ನಲವತ್ತನೆಯ ಮಡಚುಕುರ್ಚಿ ಬಿಡಿಸುವಾಗ ಲವೊನ್‌ಳ ಬೆರಳು ಸಿಕ್ಕಿಕೊಂಡಿತು. ಬಾಯಿಗೆ ಬಂದ ಬೈಗುಳವನ್ನು, ಇದು ಚರ್ಚಿನ ನೆಲಮಾಳಿಗೆಯಲ್ಲವೇ ಎಂದು ನುಂಗಿಕೊಂಡಳು.

“ಇಷ್ಟೊಂದು ಯಾಕ್ರೀ?” ಪಾದ್ರಿ ಕೇಳಿದರು. “ಮಣ್ಣಿಗೆ ಬಂದಿರೋರು ಏಳೇ ಜನ.”

“ಆರ್ಡಿಸ್ ನಲವತ್ತು ಅಂದಿದ್ಲು ಪಾದ್ರಿಗಳೇ. ನಲವತ್ತು ಜನಕ್ಕೆ ಹ್ಯಾಮು, ಆಲೂಗಡ್ಡೆ, ಕಾಫಿ. ಹಾಲ್ ಬೆಚ್ಚಗಿರ್ಬೇಕು ಅಂತಾನೂ ಹೇಳಿದ್ಲು. ಎಲ್ಲಾದಕ್ಕೂ ದುಡ್ಡಿಟ್ಟೇ ಹೋಗಿದಾಳೆ.”

* * *

ಹೋದ ಚಳಿಗಾಲದಲ್ಲಿ ಆರ್ಡಿಸ್ ತನ್ನ ಅಡುಗೆಮನೆಯಲ್ಲೂ ಕೋಟು ತೊಟ್ಟೇ ಕೂತಿರುತ್ತಿದ್ದಳು. ಮೆಡಿಕೇರ್ ಆರೋಗ್ಯವಿಮೆಯ ಕಂತನ್ನು ಮುರಿದುಕೊಂಡೇ ಪಿಂಚಣಿ ಕೈಗೆ ಬರುತ್ತಿತ್ತು. ಉಳಿದದ್ದರಲ್ಲಿ ಹೊಟ್ಟೆಗೆ ಎಳೆದರೆ ಹೀಟರಿಗಿಲ್ಲ.

“ಕೈ ಸಾಲದೋರಿಗೆ ಆ ಕಂತು ಸರ್ಕಾರಾನೇ ಕಟ್ಟುತ್ತೆ ಕಣೇ. ನನ್ನ ತಂಗಿಗೆ ಕಟ್ತಿಲ್ವಾ? ಕೌಂಟಿ ಆಫೀಸಿಗೆ ನಾನೇ ಕರ್ಕೊಂಡು ಹೋಗ್ತೀನಿ, ಏಳು,” ಎಂದಿದ್ದಳು ಪಕ್ಕದ ಮನೆಯ ಲವೊನ್.

“ಬ್ಯಾಂಕಲ್ಲಿ ದುಡ್ಡಿಟ್ಟೋರಿಗೆ ಕೊಡಲ್ವಂತೆ.”

“ನಿನ್ನ ಹತ್ರ ಎಲ್ಲೇ ಇದೆ ದುಡ್ಡು?”

“ನನ್ನ ಮಣ್ಣಿನ ದುಡ್ಡು ಇದೆಯಲ್ಲ. ಅಮ್ಮನ್ನ ಚಂದಾ ಎತ್ತಿ ಮಣ್ಣು ಮಾಡಿದ್ರು. ಬಂದೋರಿಗೆ ಕಾಫಿನೂ ಸಾಲಲಿಲ್ಲ. ಅದನ್ನ ಮುಟ್ಟು ಅನ್ಬೇಡ.”

“ಸತ್ತಮೇಲೆ ಹ್ಯಾಮಿನ ರುಚಿ ನಿಂಗೆ ಗೊತ್ತಾಗುತ್ತಾ?”

“ಬಂದೋರಿಗೆ ಗೊತ್ತಾಗುತ್ತಲ್ಲ,” ಎಂದಳು ಆರ್ಡಿಸ್. ಲವೊನ್ ನಕ್ಕು ತನ್ನ ಮನೆಗೆ ಎದ್ದು ಹೋಗಿದ್ದಳು. ಈ ಚಳಿಗಾಲ ಆರ್ಡಿಸ್‌ಳ ಎದೆಗೆ ಶೀತ ಇಳಿಯಿತು, ಅವಳು ಮತ್ತೆ ಏಳಲಿಲ್ಲ.

* * *

ಪ್ರಾರ್ಥನೆ ಮುಗಿದು ಏಳು ಜನ ತಟ್ಟೆ ಹಿಡಿದು ಕೂತರು. ಅವರಲ್ಲಿ ಕೌಂಟಿ ಆಫೀಸಿನ ಜಾಯ್ಲಿನ್ ಕೂಡ ಇದ್ದಳು. ಲವೊನ್‌ಗೆ ತಡೆಯಲಾಗಲಿಲ್ಲ. ಎಲ್ಲ ಹೇಳಿಬಿಟ್ಟಳು.

ಜಾಯ್ಲಿನ್ ಚಮಚ ಕೆಳಗಿಟ್ಟಳು. “ಅಯ್ಯೋ, ಮಣ್ಣಿಗೆ ಅಂತ ಬೇರೆ ತೆಗೆದಿಟ್ಟಿದ್ದನ್ನ ಒಂದು ಮಿತಿವರೆಗೂ ನಾವು ಲೆಕ್ಕಕ್ಕೇ ತಗೊಳ್ಳಲ್ಲ. ಅವರ ಹತ್ರ ಇದ್ದಿದ್ದಕ್ಕೆ ತೊಂದರೆನೇ ಆಗ್ತಿರ್ಲಿಲ್ಲ. ಒಂದ್ಮಾತು ಕೇಳಿದ್ರೆ ಆಗ್ತಿತ್ತು.”

ಲವೊನ್‌ಗೆ ಅಳು ಬಂತು, ಸಿಟ್ಟೂ ಬಂತು. ಯಾರ ಮೇಲೆಂದು ತಿಳಿಯಲಿಲ್ಲ.

“ಅಬ್ಬಾ, ಏನು ಸೆಕೆ!” ಯಾರೋ ಕೋಟು ಬಿಚ್ಚಿದರು. ಪಾದ್ರಿ ಎದ್ದು ಕಿಟಕಿ ತೆರೆದರು. ಹೊರಗೆ ಹಿಮ ಬೀಳುತ್ತಿತ್ತು.

ಲವೊನ್ ಖಾಲಿ ಕುರ್ಚಿಗಳ ನಡುವೆ ದಾಪುಗಾಲಿಟ್ಟು ಹೋಗಿ ಕಿಟಕಿ ಮುಚ್ಚಿದಳು.

“ಬೆವರಿದ್ರೂ ಪರವಾಗಿಲ್ಲ, ಕೂತ್ಕೊಳ್ಳಿ. ಈ ಶಾಖ ಆರ್ಡಿಸ್‌ದು.”

ಒಂದು ಕುರ್ಚಿಯನ್ನು ಹೀಟರಿನ ಪಕ್ಕಕ್ಕೆ ಎಳೆದು, ಕೋಟಿನ ಗುಂಡಿ ಬಿಚ್ಚದೆಯೇ ಕೂತಳು.